ಹನ್ನೆರಡನೇ ಮಹಡಿಯ ಮಾತು

ದೇಶದ ಹಣವನ್ನೆಲ್ಲ ಆಳುವ ದೊಡ್ಡ ಬ್ಯಾಂಕಿನ ಕಟ್ಟಡದಲ್ಲಿ ನಾಲ್ಕು ಲಿಫ್ಟುಗಳಿದ್ದವು. ಮೂರರಲ್ಲಿ ಯಾರು ಬೇಕಾದರೂ ಗುಂಡಿ ಒತ್ತಿಕೊಂಡು ಹೋಗಬಹುದಿತ್ತು. ನಾಲ್ಕನೆಯದು ಅಧಿಕಾರಿಗಳದು, ಅದರ ಗುಂಡಿ ಒತ್ತುವುದಕ್ಕೆಂದೇ ಒಬ್ಬ ಮನುಷ್ಯನನ್ನು ಸಂಬಳ ಕೊಟ್ಟು ಇಟ್ಟಿದ್ದರು. ಇಡೀ ದೇಶದ ಬಡ್ಡಿಯನ್ನು ಏರಿಸಿ ಇಳಿಸುವ ಬೆರಳುಗಳು ಲಿಫ್ಟನ್ನೂ ತಾವೇ ಏರಿಸಿ ಇಳಿಸಿದರೆ ದಣಿದಾವು ಎಂದು ಯಾರೋ ಪುಣ್ಯಾತ್ಮರು ಯೋಚಿಸಿರಬೇಕು.

ಆ ಮನುಷ್ಯನನ್ನು ಅವನ ಬೀದಿಯವರು ಲಿಫ್ಟಣ್ಣ ಎನ್ನುತ್ತಿದ್ದರು. ಬೂದು ಬಣ್ಣದ ಸಮವಸ್ತ್ರ, ಒಂದು ಎತ್ತರದ ಸ್ಟೂಲು, ಇಪ್ಪತ್ತೆರಡು ವರ್ಷದ ಸರ್ವೀಸು. ಅಷ್ಟು ವರ್ಷದಲ್ಲಿ ತಾನು ಅರ್ಥಶಾಸ್ತ್ರ ಕಲಿತಿದ್ದೇನೆ ಎಂದು ಅವನು ನಂಬಿದ್ದ. ಕಲಿತ ರೀತಿ ಮಾತ್ರ ವಿಚಿತ್ರ. ಅಧಿಕಾರಿಗಳು ಮೇಲೆ ಹೋಗುವಾಗ ಕೆಲಸದ ಮಾತಾಡುತ್ತಿದ್ದರು. ಕೆಳಗೆ ಬರುವಾಗ ಸೊಂಟನೋವು, ಮಗಳ ಕಾಲೇಜು, ಕಾರಿನ ಟೈರು. ಹನ್ನೆರಡನೇ ಮಹಡಿಯಲ್ಲಿ ಬಾಗಿಲು ತೆರೆದ ಕೂಡಲೇ ಕೆಲಸದ ಮಾತು ಎದ್ದು ಸಭೆಯ ಕೋಣೆಗೆ ನಡೆದುಬಿಡುತ್ತಿತ್ತು. ಹೀಗಾಗಿ ದೇಶದ ಪ್ರತಿಯೊಂದು ದೊಡ್ಡ ನಿರ್ಧಾರದ ಮೊದಲರ್ಧ ಅವನಿಗೆ ಗೊತ್ತಿತ್ತು. ಒಂದರ ಉಳಿದರ್ಧವೂ ಗೊತ್ತಿರಲಿಲ್ಲ. ಅರ್ಧ ಗೊತ್ತಿರುವವನು ಬಾಯಿ ಮುಚ್ಚಿಕೊಂಡಿದ್ದರೆ ಯಾರಿಗೂ ನಷ್ಟವಿಲ್ಲ. ಇವನು ಬಾಯಿ ಮುಚ್ಚುವವರ ಪೈಕಿಯಲ್ಲ.

ಆ ವರ್ಷ ಕಾಲ ಕೆಟ್ಟಿತ್ತು. ಬೀದಿಯಲ್ಲಿ ಐದು ಅಂಗಡಿಗಳ ಬಾಗಿಲು ಮುಚ್ಚಿತ್ತು. ಇದ್ದ ಕಾರ್ಖಾನೆಗಳಲ್ಲಿ ಮೂರು ಪಾಳಿಯ ಕೆಲಸ ಒಂದು ಪಾಳಿಗೆ ಇಳಿದಿತ್ತು. ಕೈಯಲ್ಲಿ ನಾಲ್ಕು ಕಾಸಿದ್ದವರು ಅದನ್ನು ಮುಷ್ಟಿಯಲ್ಲಿ ಬಿಗಿಹಿಡಿದು ಕೂತಿದ್ದರು. ಅಂಥ ಒಂದು ಸೋಮವಾರ ದಪ್ಪ ಕನ್ನಡಕದ ಸಾಹೇಬರೂ ಗಡ್ಡದ ಸಾಹೇಬರೂ ಲಿಫ್ಟು ಹತ್ತಿದರು.

"ಬ್ಯಾಂಕುಗಳ ಹತ್ತಿರ ಇರೋ ಸರ್ಕಾರಿ ಸಾಲಪತ್ರ ಎಲ್ಲ ನಾವೇ ಕೊಂಡುಬಿಡೋಣ," ಅಂದರು ಕನ್ನಡಕದವರು. "ಹೊಸ ಹಣ ಹುಟ್ಟಿಸಿ ಕೊಡೋಣ. ತಿಂಗಳು ತಿಂಗಳು."

"ಜನಕ್ಕೆ ತಲುಪುತ್ತಾ?" ಅಂದರು ಗಡ್ಡದವರು.

"ತಲುಪದೆ ಏನು. ಮೊದಲು ಬ್ಯಾಂಕಿಗೆ. ಆಮೇಲೆ ನಿಧಾನಕ್ಕೆ ಪ್ರತಿಯೊಂದು ಮನೆಗೂ..."

ಹನ್ನೆರಡನೇ ಮಹಡಿ ಬಂತು. ಬಾಗಿಲು ತೆರೆಯಿತು. ವಾಕ್ಯದ ಬಾಲ ಸಭೆಯ ಕೋಣೆಗೆ ಹೋಯಿತು. ತಲೆ ಲಿಫ್ಟಣ್ಣನ ಹತ್ತಿರ ಉಳಿಯಿತು.

ಆ ಸಂಜೆ ಅವನು ಅದನ್ನು ಹೊತ್ತುಕೊಂಡು ಬೀದಿಯ ಬೇಕರಿಗೆ ಹೋದ. ಬೇಕರಿಯ ಮುಂದಿನ ಬೆಂಚಿನ ಮೇಲೆ ದಿನವೂ ಮೂವರು ಇರುತ್ತಿದ್ದರು: ರಿಟೈರಾದ ಮೇಷ್ಟ್ರು, ಮೂಲೆಯಲ್ಲಿ ಎರಡು ಮನೆ ಕಟ್ಟಿಸಿದ್ದ ಮೂಲೆಮನೆಯವರು, ಗಿರಾಕಿ ಇಲ್ಲದಾಗ ಹೊರಗೆ ಬಂದು ಕೂರುವ ಬೇಕರಿಯವನು.

"ಏನಪ್ಪಾ, ಇವತ್ತು ಎಷ್ಟು ಸಲ ಮೇಲೆ ಹೋಗಿ ಇದ್ದಲ್ಲಿಗೇ ಬಂದೆ?" ಅಂದ ಬೇಕರಿಯವನು. ಇದು ಅವನು ಹನ್ನೊಂದು ವರ್ಷದಿಂದ ಹೇಳುತ್ತಿದ್ದ ಜೋಕು. ಬೇರೆ ದಿನವಾಗಿದ್ದರೆ ಲಿಫ್ಟಣ್ಣ ನಕ್ಕು ಟೀ ಕುಡಿಯುತ್ತಿದ್ದ.

"ನೀನು ಬನ್ನು ಲೆಕ್ಕ ಹಾಕ್ತಾ ಇರು," ಅಂದ. "ಹೊಸ ಹಣ ಬರ್ತಾ ಇದೆ. ಪ್ರತಿಯೊಂದು ಮನೆಗೂ. ನನ್ನ ಕಿವಿಯಾರೆ ಕೇಳಿದ್ದು."

ಮೇಷ್ಟ್ರು ಪೇಪರು ಕೆಳಗಿಟ್ಟರು. "ಪ್ರತಿಯೊಂದು ಮನೆಗೆ ಅಂದ್ರೆ, ಆಳಿಗಿಷ್ಟು ಅಂತಾನೋ ಮನೆಗಿಷ್ಟು ಅಂತಾನೋ?"

ಲಿಫ್ಟಣ್ಣನಿಗೆ ಗೊತ್ತಿರಲಿಲ್ಲ. ಗೊತ್ತಿಲ್ಲ ಎನ್ನುವ ಮಾತು ಅವನ ಬಾಯಿಗೆ ಅಭ್ಯಾಸವಿರಲಿಲ್ಲ. "ಮನೆಗಿಷ್ಟು," ಅಂದ.

"ಯಾವಾಗ?"

"ಎರಡು ತಿಂಗಳು ಅಂತ ಇಟ್ಕೊಳ್ಳಿ."

ಮೂಲೆಮನೆಯವರು ಕೇಳಿದ್ದು ಒಂದೇ ಪ್ರಶ್ನೆ. "ಬಡ್ಡಿ ಇಳಿಯುತ್ತಾ?"

"ಅದೆಲ್ಲ ಸಣ್ಣಪುಟ್ಟ ವಿಷಯ ಸಾರ್. ಇಳಿಯುತ್ತೆ."

ಮೂಲೆಮನೆಯವರು ಎಲ್ಲರ ಟೀ ದುಡ್ಡೂ ತಾವೇ ಕೊಟ್ಟು ಎದ್ದು ಹೋದರು. ಅವರು ಯಾರಿಗೂ ಟೀ ಕುಡಿಸಿದವರಲ್ಲ. ಇದು ಯಾಕೆಂದು ಆ ಬೆಂಚಿನ ಮೇಲಿದ್ದ ಒಬ್ಬ ದಡ್ಡನಿಗೂ ಹೊಳೆಯಲಿಲ್ಲ.

ಲಿಫ್ಟಣ್ಣನ ಮನೆಯಲ್ಲಿ ಆಗ ಬೇರೆಯೇ ಮಾತು ನಡೆದಿತ್ತು. ಮಾಳಿಗೆಯ ಮೇಲಿನ ಎರಡು ಕೋಣೆಗಳ ಆ ಬಾಡಿಗೆ ಮನೆಯಲ್ಲಿ ಅವನೂ ಅವನ ಹೆಂಡತಿಯೂ ಹತ್ತೊಂಬತ್ತು ವರ್ಷ ಕಳೆದಿದ್ದರು. ಕೆಳಗೆ ಓನರಮ್ಮ ಒಬ್ಬರೇ ಇದ್ದರು. ಹೋದ ವಾರ ಅವರು ತಾವಾಗಿಯೇ ಹೇಳಿದ್ದರು: ಮೇಲಿನದನ್ನು ಮಾರುತ್ತೇನೆ, ಹದಿನೆಂಟು ಲಕ್ಷಕ್ಕೆ ನಿಮಗೇ ಕೊಡುತ್ತೇನೆ, ತಿಂಗಳ ಕೊನೆಯೊಳಗೆ ಮುಂಗಡ ಕೊಡಿ. ಹೆಂಡತಿ ಶಾಲೆಯ ಯೂನಿಫಾರ್ಮ್ ಹೊಲಿದು ಕೂಡಿಟ್ಟದ್ದು, ಇವನ ಪಿ.ಎಫ್., ಅವಳ ತಮ್ಮ ಕೊಡುತ್ತೇನೆಂದಿದ್ದು ಎಲ್ಲ ಸೇರಿದರೆ ಹೇಗೋ ಆಗುತ್ತಿತ್ತು. ತಮ್ಮ ಅಲ್ಯೂಮಿನಿಯಂ ಕಿಟಕಿ ಮಾಡುವವನು; ಆರು ತಿಂಗಳಿಂದ ಕೆಲಸವಿಲ್ಲದೆ ಕೂತಿದ್ದ, ಆದರೂ ಅಕ್ಕನಿಗೆಂದು ಇದ್ದದ್ದನ್ನು ಕೊಡಲು ಒಪ್ಪಿದ್ದ.

"ನಾಳೆ ಬೆಳಿಗ್ಗೆನೇ ಮುಂಗಡ ಕೊಟ್ಟುಬಿಡೋಣ ರೀ," ಅಂದಳು ಹೆಂಡತಿ.

"ಎರಡು ತಿಂಗಳು ತಡಿ. ಹಣ ಮನೆ ಬಾಗಿಲಿಗೆ ಬರೋವಾಗ ನಿನ್ನ ತಮ್ಮನ ಮುಂದೆ ಯಾಕೆ ಕೈಚಾಚಬೇಕು?"

"ಯಾರ್ ಹೇಳಿದ್ದು ನಿಮಗೆ?"

"ದೇಶ ನಡೆಸೋರು ಹೇಳಿದ್ದು."

"ಅವರು ನಿಮಗೆ ಹೇಳಿದ್ರಾ? ಅವರು ನಿಮಗೆ ಇವತ್ತಿನವರೆಗೆ ಹೇಳಿರೋದು ಹನ್ನೆರಡು ಅನ್ನೋ ಒಂದು ಮಾತು. ಅದೂ ನೀವು ಒತ್ತಾದ ಮೇಲೆ."

ಅವನು ಚಪ್ಪಲಿ ಮೆಟ್ಟಿ ಕೆಳಗೆ ಇಳಿದ. ಓನರಮ್ಮನ ಹತ್ತಿರ ಎರಡು ತಿಂಗಳ ಗಡುವು ಕೇಳಬೇಕಿತ್ತು. ಗಡುವು ಕೇಳುವವನು ಹೆಂಡತಿಗೆ ಜ್ವರ, ಸೊಸೈಟಿಯಲ್ಲಿ ಸಾಲ ತಡ ಎಂದೇನಾದರೂ ಹೇಳಬಹುದಿತ್ತು. ಇವನು ಸತ್ಯ ಹೇಳಿದ. ಸತ್ಯ ಎಂದು ಅವನಿಗೆ ಅನ್ನಿಸಿದ್ದನ್ನು ಹೇಳಿದ.

"ಎಲ್ಲರ ಮನೆಗೂ ಬರುತ್ತಾ?" ಅಂದರು ಓನರಮ್ಮ.

"ಎಲ್ಲರ ಮನೆಗೂ ಅಮ್ಮ. ನಿಮ್ಮ ಮನೆಗೂ."

"ಹಾಗಾದ್ರೆ ನಿಧಾನಕ್ಕೇ ಕೊಡಪ್ಪ, ನನಗೇನೂ ಅವಸರ ಇಲ್ಲ," ಅಂದರು ಆ ಅಮ್ಮ, ಬಹಳ ಮೃದುವಾಗಿ. ಮನೆ ಮಾರುವವರ ಅವಸರ ಹೀಗೆ ಒಮ್ಮೆಲೇ ಕರಗಿದರೆ ಕೊಳ್ಳುವವನು ಹೆದರಬೇಕು. ಇವನು ಶಿಳ್ಳೆ ಹಾಕುತ್ತ ಮೇಲೆ ಹತ್ತಿದ.

ಒಂದೇ ವಾರದಲ್ಲಿ ಸುದ್ದಿ ಬೀದಿಯ ಎರಡೂ ತುದಿ ಮುಟ್ಟಿತು. ಮೇಷ್ಟ್ರು ನೂರು ಹಾಳೆಯ ನೋಟ್‌ಬುಕ್ಕು ತಂದು ಮನೆಗಳ ಪಟ್ಟಿ ಶುರು ಮಾಡಿದರು. ಸರ್ಕಾರದಿಂದ ಯಾರಾದರೂ ಬಂದರೆ ಬೀದಿ ಸಿದ್ಧವಿರಬೇಕು ಎನ್ನುವುದು ಅವರ ವಾದ. ಎರಡನೇ ದಿನವೇ ಜಗಳ ಬಂತು. ಒಂದೇ ಮನೆಯಲ್ಲಿ ಅಣ್ಣತಮ್ಮ ಇದ್ದರೆ ಅದು ಒಂದು ಮನೆಯೋ ಎರಡೋ? ಮೇಷ್ಟ್ರು ಒಂದು ರಾತ್ರಿ ಯೋಚಿಸಿ ತೀರ್ಪು ಕೊಟ್ಟರು: ಒಂದು ಒಲೆ ಇದ್ದರೆ ಒಂದು ಮನೆ, ಎರಡು ಒಲೆ ಇದ್ದರೆ ಎರಡು ಮನೆ.

ಮುಗಿಯಿತು. ವರ್ಷದಿಂದ ಒಂದು ಸೌಟನ್ನೂ ಕೊಳ್ಳದ ಜನ ಒಲೆ ಕೊಳ್ಳಲು ನಿಂತರು. ಒಲೆ ಮಾರುವವನ ಅಂಗಡಿಯ ಮುಂದೆ ಸಾಲು. ಹತ್ತು ವರ್ಷದಿಂದ ಒಂದೇ ತಟ್ಟೆಯಲ್ಲಿ ಉಂಡ ಅತ್ತೆ ಸೊಸೆ ಬೇರೆಯಾದರು, ಕಾಗದದ ಮೇಲೆ. ಗಂಡ ಹೆಂಡತಿ ಇಬ್ಬರೇ ಇದ್ದ ಒಂದು ಮನೆಯಲ್ಲೂ ಎರಡನೇ ಒಲೆ ಬಂತು. ಮೇಷ್ಟ್ರು ಯಾಕೆಂದು ಕೇಳಿದರೆ ಆ ಗಂಡ, "ನಮ್ಮಿಬ್ಬರಿಗೂ ಮನಸ್ಸು ಸರಿಯಿಲ್ಲ, ಬರ್ಕೊಳ್ಳಿ ಮೇಷ್ಟ್ರೇ," ಅಂದ. ಬೇಕರಿಯವನು ಬನ್ನಿನ ಬೆಲೆ ಏರಿಸಿದ. ಯಾಕಪ್ಪಾ ಎಂದರೆ, "ಹೆಂಗಿದ್ರೂ ನಿಮ್ಮ ಹತ್ರ ಬರುತ್ತಲ್ಲ," ಅನ್ನುತ್ತಿದ್ದ.

ಅಷ್ಟರಲ್ಲಿ ಬೀದಿಗೆ ಒಬ್ಬ ಹೆಂಗಸು ಬಂದಳು. ಹೆಗಲಿಗೆ ಚೀಲ, ಕೈಯಲ್ಲಿ ಫಾರಂಗಳ ಕಟ್ಟು, ಕೊರಳಲ್ಲಿ ದೊಡ್ಡ ಬ್ಯಾಂಕಿನ ಗುರುತಿನ ಚೀಟಿ. ಜನ ಮುಂದೇನು ಎದುರುನೋಡುತ್ತಿದ್ದಾರೆ ಎಂದು ಮನೆಮನೆಗೆ ಹೋಗಿ ಕೇಳಿ ಬರೆದುಕೊಳ್ಳುವುದು ಅವಳ ಕೆಲಸ. ಬೀದಿಗೆ ಕಂಡದ್ದು ಚೀಲ ಮಾತ್ರ.

"ಮುಂದಿನ ವರ್ಷ ನಿಮ್ಮ ಆದಾಯ ಏರುತ್ತೆ ಅನಿಸುತ್ತಾ?" ಅಂದಳು ಆಕೆ, ಮೊದಲ ಮನೆಯಲ್ಲಿ.

"ಏರುತ್ತೆ ಅಮ್ಮ, ನೀವು ಬಂದಿದ್ದೀರಲ್ಲ."

"ಬೆಲೆಗಳು?"

"ಏರಲಿ ಬಿಡಿ, ಕೊಟ್ಟರಾಯ್ತು."

"ಇತ್ತೀಚೆಗೆ ಮನೆಗೆ ಏನಾದ್ರೂ ಹೊಸ ಸಾಮಾನು ತಗೊಂಡಿದ್ದೀರಾ?"

"ಒಲೆ. ಬನ್ನಿ ಒಳಗೆ, ನೋಡಿ, ಎರಡೂ ಉರಿತಾ ಇವೆ."

ಆಕೆ ಇಪ್ಪತ್ನಾಲ್ಕು ಮನೆ ಸುತ್ತಿದಳು. ಇಪ್ಪತ್ನಾಲ್ಕರಲ್ಲೂ ಟೀ ಕುಡಿಸಿದರು. ಇಷ್ಟು ಹುರುಪಿನ ಬೀದಿಯನ್ನು ಅವಳು ತನ್ನ ಸರ್ವೀಸಿನಲ್ಲೇ ಕಂಡಿರಲಿಲ್ಲ. ಕೊನೆಗೆ ಮೇಷ್ಟ್ರು ನೋಟ್‌ಬುಕ್ಕು ಮುಂದಿಟ್ಟು, "ಮನೆ ನಲವತ್ತೊಂದಾಗಿದೆ ತಾಯಿ, ಹೋದ ತಿಂಗಳು ಇಪ್ಪತ್ನಾಲ್ಕಿತ್ತು," ಅಂದರು. ಅವಳು ಅದನ್ನೂ ಬರೆದುಕೊಂಡು ಹೋದಳು. ಚೀಲ ಬಂದ ಹಾಗೆಯೇ ಹೋಯಿತು.

ಎರಡು ತಿಂಗಳು ತುಂಬಿದ ದಿನ ಓನರಮ್ಮ ಇವರನ್ನು ಕೆಳಗೆ ಕರೆದರು. ಮೇಜಿನ ಮೇಲೆ ಬ್ಯಾಂಕಿನಿಂದ ಬಂದ ಕಾಗದವಿತ್ತು.

"ನೀನು ಹೇಳಿದ್ದು ನನ್ನ ಮನೆಗೆ ಬಂತಪ್ಪ," ಅಂದರು. "ನೋಡು. ನನ್ನ ಡಿಪಾಸಿಟ್ಟಿಗೆ ನೂರಕ್ಕೆ ಏಳು ಬರ್ತಿತ್ತು. ಈ ಸಲ ನಾಲ್ಕಂತೆ. ಕೌಂಟರಿನ ಹುಡುಗಿ ಹೇಳಿದಳು, ಹಣ ಜಾಸ್ತಿ ಆಗಿದೆಯಂತೆ, ಅದಕ್ಕೆ ಯಾರಿಗೂ ನನ್ನ ಹಣ ಬೇಡವಂತೆ."

"ಅದು ಹಾಗಲ್ಲ ಅಮ್ಮ, ಇನ್ನೂ..."

"ಹದಿನೆಂಟು ಲಕ್ಷ ತಗೊಂಡು ನಾಲ್ಕಕ್ಕೆ ಇಟ್ಟು ನಾನು ಏನು ತಿನ್ನಲಿ? ಮೂಲೆಮನೆಯವರು ಇಪ್ಪತ್ತಾರು ಕೊಡ್ತೀನಿ ಅಂದಿದಾರೆ. ಅವರಿಗೆ ಸಾಲ ಅಗ್ಗಕ್ಕೆ ಸಿಕ್ಕಿದೆಯಂತೆ, ಇದ್ದ ಎರಡು ಮನೆ ತೋರಿಸಿದ್ದಕ್ಕೆ. ನೀನು ಇಪ್ಪತ್ತಾರು ಕೊಟ್ಟರೆ ನಿನಗೇ. ಹಣ ಎಲ್ಲರ ಮನೆಗೂ ಬರೋದಾದ್ರೆ ನಿನ್ನ ಮನೆಗೂ ಬರುತ್ತಲ್ಲ?"

ಹೆಂಡತಿ ಗಂಡನ ಮುಖ ನೋಡಲಿಲ್ಲ. ಅಲ್ಲಿಂದ ನೇರ ತಮ್ಮನ ಶೆಡ್ಡಿಗೆ ಹೋದಳು, ಗಂಡ ಹಿಂದೆ. ಶೆಡ್ಡಿನಲ್ಲಿ ಗರಗಸದ ಸದ್ದು. ಇಬ್ಬರು ಹೊಸ ಕೆಲಸದವರು ಚೌಕಟ್ಟು ಕೊಯ್ಯುತ್ತಿದ್ದರು.

"ಬಾ ಅಕ್ಕ, ಬನ್ನಿ ಭಾವ," ಅಂದ ತಮ್ಮ. ಅವನ ಮುಖ ಆರು ತಿಂಗಳಲ್ಲಿ ಮೊದಲ ಸಲ ಅರಳಿತ್ತು. "ಯಾರ್ನ ನೋಡಿದ್ರೂ ಮನೆ ಕಟ್ತಾ ಇದಾರೆ. ಸಾಲ ಅಗ್ಗ ಅಂತೆ. ನಲವತ್ತು ಕಿಟಕಿಗೆ ಆರ್ಡರ್ ಬಂದಿದೆ. ಭಾವ, ನೀವು ಹೇಳಿದ ಹಣ ನನಗಂತೂ ಬಂತು."

"ನನ್ನ ಮನೆಗೆ ಅಂತ ಇಟ್ಟಿದ್ಯಲ್ಲ, ಅದು ಬೇಕಿತ್ತು ಕಣೋ," ಅಂದಳು ಅಕ್ಕ.

ಅವನ ಮುಖ ಮುದುಡಿತು. ಹೊಸ ಕೊಯ್ಯುವ ಮೆಷಿನ್ನಿನ ಮೇಲೆ ಕೈಯಿಟ್ಟ. "ಅಕ್ಕಾ, ಎರಡು ತಿಂಗಳು ಬೇಡ ಅಂತ ಭಾವನೇ ಹೇಳಿಕಳಿಸಿದ್ರು. ಹೋದ ವಾರ ಇದನ್ನ ತಗೊಂಡೆ."

ಮೆಷಿನ್ನು ಚೆನ್ನಾಗಿತ್ತು. ಅದನ್ನು ಬಯ್ಯುವಂತೆಯೂ ಇರಲಿಲ್ಲ. ಇಬ್ಬರಿಗೆ ಅನ್ನ ಕೊಟ್ಟ ಮೆಷಿನ್ನನ್ನು ಯಾವ ಬಾಯಿಯಿಂದ ಬಯ್ಯುವುದು?

ಮರುದಿನ ಬೆಳಿಗ್ಗೆ ಕನ್ನಡಕದವರೂ ಗಡ್ಡದವರೂ ಲಿಫ್ಟು ಹತ್ತಿದರು. ಇಬ್ಬರೂ ಖುಷಿಯಲ್ಲಿದ್ದರು.

"ಸರ್ವೇ ನೋಡಿದ್ರಾ? ಒಂದೇ ಬೀದಿಯಲ್ಲಿ ಹದಿನೇಳು ಹೊಸ ಒಲೆ," ಅಂದರು ಕನ್ನಡಕದವರು. "ಹೊಸ ಸಂಸಾರಗಳು ಶುರುವಾಗ್ತಾ ಇವೆ. ಜನಕ್ಕೆ ಭರವಸೆ ಬಂದಿದೆ. ಮುಂದಿನ ಆರು ತಿಂಗಳೂ ಸಾಲಪತ್ರ ಕೊಳ್ಳೋದನ್ನ ನಿಲ್ಲಿಸಬಾರದು. ಅದು ನಿಧಾನಕ್ಕೆ..."

ಎಂಟನೇ ಮಹಡಿ ದಾಟಿತ್ತು. ಲಿಫ್ಟಣ್ಣ ಇಪ್ಪತ್ತೆರಡು ವರ್ಷದಲ್ಲಿ ಮುಟ್ಟದ ಕೆಂಪು ಗುಂಡಿಯನ್ನು ಒತ್ತಿದ. ಲಿಫ್ಟು ಜಗ್ಗಿ ನಿಂತಿತು.

"ಏನಾಯ್ತು?" ಅಂದರು ಗಡ್ಡದವರು.

"ಕೆಟ್ಟಿಲ್ಲ ಸಾರ್, ನಾನೇ ನಿಲ್ಲಿಸಿದ್ದು. ಇವತ್ತು ಆ ವಾಕ್ಯ ಪೂರ್ತಿ ಆಗಬೇಕು. ನಿಧಾನಕ್ಕೆ ಏನು ಸಾರ್?"

ದೇಶದ ಹಣವನ್ನು ಆಳುವವರು ಎಂಟಕ್ಕೂ ಒಂಬತ್ತಕ್ಕೂ ನಡುವೆ ನೇತಾಡುತ್ತ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಕನ್ನಡಕದವರು ಒಳ್ಳೆಯ ಮನುಷ್ಯ. ಹಿಂದೆ ಪಾಠ ಹೇಳಿದವರು. "ನೋಡಪ್ಪ," ಅಂದರು. "ನಾವು ಸಾಲಪತ್ರ ಕೊಂಡರೆ ಬ್ಯಾಂಕುಗಳ ಹತ್ತಿರ ಹಣ ಸೇರುತ್ತೆ. ಬಡ್ಡಿ ಇಳಿಯುತ್ತೆ. ಬಡ್ಡಿ ಇಳಿದ್ರೆ ಮನೆ, ಷೇರು ಇವುಗಳ ಬೆಲೆ ಏರುತ್ತೆ."

"ಮನೆ ಇದ್ದೋರ ಮನೆಗೆ."

"ಹೌದು. ಅವರಿಗೆ ಧೈರ್ಯ ಬಂದು ಖರ್ಚು ಮಾಡ್ತಾರೆ. ಆಗ ಕಾರ್ಖಾನೆಗೆ ಕೆಲಸ ಬರುತ್ತೆ. ಇದನ್ನ ಮಾಡದೆ ಹೋಗಿದ್ರೆ ಇನ್ನೆಷ್ಟು ಜನ ಬೀದಿಗೆ ಬರ್ತಿದ್ರೋ."

"ಒಪ್ಪಿದೆ ಸಾರ್. ನನ್ನ ಭಾಮೈದನಿಗೆ ಬಂತು. ಮನೆ ಇಲ್ಲದೋರಿಗೆ, ಕೊಳ್ಳೋಕೆ ಅಂತ ಕೂತಿರೋರಿಗೆ ಎಷ್ಟು ದಿನಕ್ಕೆ ತಲುಪುತ್ತೆ?"

ಕನ್ನಡಕದವರು ಕನ್ನಡಕ ತೆಗೆದು ಒರೆಸಿದರು. "ಅದರ ಬಗ್ಗೆ ತಜ್ಞರಲ್ಲಿ ಒಮ್ಮತ ಇಲ್ಲ," ಅಂದರು.

ಇಪ್ಪತ್ತೆರಡು ವರ್ಷ ಹನ್ನೆರಡನೇ ಮಹಡಿಯ ಕೋಣೆಗೆ ನಡೆದುಹೋಗುತ್ತಿದ್ದ ಬಾಲ ಇದು.

"ಇನ್ನೊಂದು ಸಾರ್," ಅಂದ ಲಿಫ್ಟಣ್ಣ. ಹೇಳಿದರೆ ಕೆಲಸ ಹೋಗಬಹುದೆಂದು ಅವನಿಗೆ ಗೊತ್ತಿತ್ತು. ಹೇಳದಿದ್ದರೆ ಇವರು ಕೊಳ್ಳುತ್ತಲೇ ಹೋಗಿ, ಮನೆಯ ಇಪ್ಪತ್ತಾರು ಲಕ್ಷ ನಾಳೆ ಮೂವತ್ತಾಗುತ್ತಿತ್ತು. "ಆ ಹದಿನೇಳು ಒಲೆ ನನ್ನ ಬೀದಿಯವು. ಮನೆಗಿಷ್ಟು ಅಂತ ಹಣ ಬರುತ್ತೆ ಅಂತ ನಾನೇ ಸುಳ್ಳು ಹೇಳಿದ್ದೆ. ಮನೆ ಎರಡು ಅಂತ ತೋರಿಸೋಕೆ ಒಲೆ ಕೊಂಡ್ರು. ಹೊಸ ಸಂಸಾರ ಒಂದೂ ಇಲ್ಲ. ಆ ಭರವಸೆ ಪೂರಾ ಸುಳ್ಳು."

ಕನ್ನಡಕದವರು ಒರೆಸಿದ ಕನ್ನಡಕ ಮತ್ತೆ ಹಾಕಿಕೊಂಡರು. "ಭರವಸೆ ಎಲ್ಲಿಂದ ಬಂದ್ರೇನಪ್ಪ," ಅಂದರು. "ಒಲೆ ಮಾರಿದೋನಿಗೆ ದುಡ್ಡು ಬಂತಲ್ಲ. ಈಗ ಮೇಲೆ ನಡಿ."

ಕೆಲಸ ಹೋಗಲಿಲ್ಲ. ನಾಲ್ಕನೇ ಲಿಫ್ಟಿಗೂ ಎಲ್ಲರೂ ಒತ್ತುವ ಗುಂಡಿ ಬಂತು. ಅವನನ್ನು ನೆಲಮಾಳಿಗೆಯಲ್ಲಿ ಕಾರು ನಿಲ್ಲಿಸುವ ಜಾಗದ ಗೇಟಿಗೆ ಹಾಕಿದರು. ಅಲ್ಲಿ ಕಾರುಗಳ ಗಾಜು ಏರಿಸಿರುತ್ತಿದ್ದರು. ವಾಕ್ಯದ ತಲೆಯೂ ಕೇಳುತ್ತಿರಲಿಲ್ಲ.

ಮನೆಯನ್ನು ಮೂಲೆಮನೆಯವರು ಮೇಲಿನದು ಕೆಳಗಿನದು ಎಂದು ನೋಡದೆ ಇಡಿಯಾಗಿ ಕೊಂಡರು. ಓನರಮ್ಮ ಕೆಳಗೆ ಬಾಡಿಗೆಗೆ ಉಳಿದರು. ಕ್ರಯಪತ್ರಕ್ಕೆ ಸಹಿಯಾದ ಮರುದಿನ ಮೂಲೆಮನೆಯವರು ಮೇಲೆ ಹತ್ತಿ ಬಂದು ಕೈಹಿಡಿದರು.

"ನಿಮ್ಮ ಉಪಕಾರ ಮರೆಯಲ್ಲ ಲಿಫ್ಟಣ್ಣ. ಅವತ್ತು ನೀವು ಬಡ್ಡಿ ಇಳಿಯುತ್ತೆ ಅಂದಿದ್ದಕ್ಕೇ ನಾನು ಧೈರ್ಯ ಮಾಡಿದ್ದು."

"ಸಂತೋಷ ಸಾರ್."

"ಬಾಡಿಗೆ ಒಂದನೇ ತಾರೀಖಿಂದ ಒಂದೂವರೆ ಪಟ್ಟು. ನಿಮಗಾಗಿ ಒಂದೂವರೆ. ಬೇರೆಯವರಾಗಿದ್ರೆ ಎರಡು."

ಹೆಂಡತಿ ಹೊಲಿಗೆ ಮೆಷಿನ್ನಿನ ಕಾಲು ಬಿಚ್ಚತೊಡಗಿದಳು. ಹತ್ತೊಂಬತ್ತು ವರ್ಷದ ಸಾಮಾನು ಎರಡು ಗಾಡಿಗೆ ಮುಗಿಯಿತು. ಅವರ ಕೈಗೆ ಎಟುಕುವ ಬಾಡಿಗೆಗೆ ಸಿಕ್ಕಿದ್ದು ಊರಂಚಿನ ಒಂದು ಕಟ್ಟಡದ ಐದನೇ ಮಹಡಿ. ಲಿಫ್ಟು ಇರಲಿಲ್ಲ. ಮೆಟ್ಟಿಲು ಹತ್ತುವಾಗ ಹೆಂಡತಿ ಪ್ರತಿ ಮಹಡಿಯಲ್ಲೂ ನಿಂತು ಉಸಿರು ಬಿಡುತ್ತಿದ್ದಳು. ಬಯ್ಯುತ್ತಿರಲಿಲ್ಲ. ಬೈದಿದ್ದರೆ ಅವನಿಗೆ ಹಗುರವಾಗುತ್ತಿತ್ತು; ಅದು ಅವಳಿಗೂ ಗೊತ್ತಿತ್ತು.

ವರ್ಷ ತುಂಬುವ ಮೊದಲು ಒಂದು ಭಾನುವಾರ ಮಧ್ಯಾಹ್ನ ಬಾಗಿಲು ಬಡಿದ ಸದ್ದಾಯಿತು. ಓನರಮ್ಮ ನಿಂತಿದ್ದರು, ಗೋಡೆ ಹಿಡಿದುಕೊಂಡು. ಮಾತಾಡಲು ಅವರಿಗೆ ಐದು ನಿಮಿಷ ಬೇಕಾಯಿತು.

"ನನಗೂ ಬಾಡಿಗೆ ಏರಿಸಿದ ಕಣಮ್ಮ, ಆ ಮೂಲೆಮನೆಯವನು," ಅಂದರು. "ಮನೆ ಮಾರಿದ ದುಡ್ಡೆಲ್ಲ ಬ್ಯಾಂಕಲ್ಲಿದೆ. ಅದರ ಬಡ್ಡಿ ನನ್ನದೇ ಮನೆಯ ಬಾಡಿಗೆಗೆ ಸರಿಹೋಗುತ್ತೆ. ಅನ್ನಕ್ಕೆ ಅಸಲು ಮುರೀಬೇಕು. ನಿಮ್ಮಲ್ಲಿ ಒಂದು ಸಣ್ಣ ಕೋಣೆ ಇದೆಯಂತಲ್ಲ."

ಹೆಂಡತಿ ನೀರು ತಂದುಕೊಟ್ಟಳು. ಅವರು ಕುಡಿದು ಮುಗಿಸುವ ತನಕ ಕಾದಳು. "ಇದೆ. ಕಿಟಕಿ ತೆಗೆದ್ರೆ ಪಕ್ಕದ ಗೋಡೆ ಕಾಣುತ್ತೆ. ನಾವು ಇಲ್ಲಿ ಕೊಡೋ ಬಾಡಿಗೆಯಲ್ಲಿ ಮೂರನೇ ಒಂದು ಭಾಗ ಕೊಡಿ. ಎರಡು ತಿಂಗಳ ಮುಂಗಡ."

"ಮುಂಗಡ ಬೇರೆನಾ?"

"ನೀವು ನಮ್ಮ ಹತ್ರ ಹತ್ತು ತಿಂಗಳದ್ದು ತಗೊಂಡಿದ್ರಿ."

ಓನರಮ್ಮ ಸೆರಗಿನ ಗಂಟು ಬಿಚ್ಚಿ ಎಣಿಸಿ ಕೊಟ್ಟರು. ಅವರ ಪೆಟ್ಟಿಗೆ ತರಲು ಹೊರಟಿದ್ದ ಲಿಫ್ಟಣ್ಣನನ್ನು ಬಾಗಿಲಲ್ಲೇ ತಡೆದರು.

"ಒಂದು ಮಾತು ಹೇಳಪ್ಪ. ಬಡ್ಡಿ ಮತ್ತೆ ಏರುತ್ತಾ?"

ಅವನು ನಿಂತ. ಹೆಂಡತಿ ಕತ್ತರಿ ಕೆಳಗಿಟ್ಟು ಅವನನ್ನೇ ನೋಡಿದಳು. ತಮ್ಮ ಬಾಗಿಲಲ್ಲಿ ಕೂತಿದ್ದ ಎದುರು ಮನೆಯವರು ಒಣಗಿದ ಬಟ್ಟೆ ಮಡಿಸುವುದನ್ನು ನಿಲ್ಲಿಸಿದರು.

"ನನಗೆ ಗೊತ್ತಿಲ್ಲ ಅಮ್ಮ," ಅಂದ ಲಿಫ್ಟಣ್ಣ.

ಅವನು ಜೀವಮಾನದಲ್ಲಿ ಆಡಿದ ಅರ್ಥಶಾಸ್ತ್ರದ ಮಾತುಗಳಲ್ಲಿ ಪೂರ್ತಿ ನಿಜವಾದದ್ದು ಇದೊಂದೇ. ಓನರಮ್ಮ ಅವನ ಮುಖವನ್ನು ಒಂದು ಗಳಿಗೆ ನೋಡಿ, ಎದುರು ಮನೆಯವರ ಕಡೆ ತಿರುಗಿ, ದನಿ ತಗ್ಗಿಸಿ ಹೇಳಿದರು: "ದೊಡ್ಡ ಬ್ಯಾಂಕಿನವರು. ಹೇಳಬಾರದು ಅಂತ ಆರ್ಡರ್ ಆಗಿರಬೇಕು."

ಅವನು ಕೆಳಗಿಳಿದು, ಪೆಟ್ಟಿಗೆ ಹೊತ್ತು ಮೇಲೆ ಬರುವಷ್ಟರಲ್ಲಿ ನಾಲ್ಕನೇ ಮಹಡಿಯವರೂ ಮೂರನೇ ಮಹಡಿಯವರೂ ಬಾಗಿಲಲ್ಲಿ ನಿಂತು ಅವನಿಗೆ ದಾರಿ ಬಿಟ್ಟರು, ಬಹಳ ಮರ್ಯಾದೆಯಿಂದ. ಏನೋ ದೊಡ್ಡದು ಬರುತ್ತಿದೆಯಂತೆ ಎಂದು ಕೇಳಿ, ಒಂದನೇ ತಾರೀಖಿಗೆ ಆ ಕಟ್ಟಡದ ಮಾಲೀಕ ಐದೂ ಮಹಡಿಯ ಬಾಡಿಗೆ ಏರಿಸಿದ.